ಬ್ಯಾಟರಿಯ ಸಾಮರ್ಥ್ಯ: ಯಾವ ಸಾಮರ್ಥ್ಯ?

ಕುಷ್ಟಗಿ, ಯಲಬುರ್ಗಾ ಕಡೆಗೆ ಬಸ್ಸಿನಲ್ಲಿ ಹೊರಟರೆ ಈಗ ಹೊಲಗಳ ನಡುವೆ ಪವನಯಂತ್ರಗಳು ಕಾಣುತ್ತವೆ. ಕೊಪ್ಪಳದ ಪವನ ವಿದ್ಯುತ್ ವಲಯಕ್ಕೆಂದೇ 2500 ಮೆಗಾವ್ಯಾಟ್ ಸಾಗಿಸುವ ಪ್ರಸರಣ ವ್ಯವಸ್ಥೆಯನ್ನು ಯೋಜಿಸಲಾಯಿತು. ಗಾಳಿ ನಿಂತಾಗ ಏನು ಮಾಡುವುದು? ಲಿಥಿಯಂ-ಅಯಾನ್ ಬ್ಯಾಟರಿ ಎಂಬ ಉತ್ತರ ಸಿದ್ಧವಾಗಿದೆ. ಆದರೆ ಈ ಬಗ್ಗೆ ಕನ್ನಡದಲ್ಲಿ ಬರುವ ಬರಹಗಳಲ್ಲಿ ಒಂದು ದೋಷ ಮತ್ತೆ ಮತ್ತೆ ಕಾಣುತ್ತದೆ. 'ಇಷ್ಟು ಮೆಗಾವ್ಯಾಟ್ ಸಾಮರ್ಥ್ಯದ ಬ್ಯಾಟರಿ' ಎಂದು ಬರೆದು ನಿಲ್ಲಿಸುತ್ತಾರೆ. ಎಷ್ಟು ಹೊತ್ತು ಎಂಬುದನ್ನು ಹೇಳುವುದಿಲ್ಲ.

ದೋಷದ ಮೂಲ ನಮ್ಮ ಪದದಲ್ಲೇ ಇದೆ. ಪಠ್ಯಪುಸ್ತಕದಲ್ಲಿ ಕೆಲಸ ನಡೆಯುವ ದರಕ್ಕೆ 'ಸಾಮರ್ಥ್ಯ' ಎನ್ನುತ್ತೇವೆ. ಕೊಡ ಹಿಡಿಸುವ ನೀರಿನ ಅಳತೆಗೂ 'ಸಾಮರ್ಥ್ಯ' ಎನ್ನುತ್ತೇವೆ. ಮೊದಲನೆಯದನ್ನು ನಲ್ಲಿಯ ಧಾರೆಗೂ ಎರಡನೆಯದನ್ನು ಕೊಡಕ್ಕೂ ಹೋಲಿಸಬಹುದು. ಬ್ಯಾಟರಿಯಲ್ಲಿ ಧಾರೆ ಮೆಗಾವ್ಯಾಟ್, ಕೊಡ ಮೆಗಾವ್ಯಾಟ್-ಗಂಟೆ. (ಕರಿಹಲಗೆಯ ಮೇಲೆ ನಾನೂ ಹಲವು ಬಾರಿ ಎರಡನ್ನೂ ಬೆರೆಸಿದ್ದೇನೆ.)

ಛತ್ತೀಸಗಢದ ರಾಜನಾಂದಗಾಂವ್‌ನಲ್ಲಿ ಸೌರ ಸ್ಥಾವರದ ಜೊತೆಗಿರುವ, 2024ರಲ್ಲಿ ಉದ್ಘಾಟನೆಯಾದ ಬ್ಯಾಟರಿಯನ್ನೇ ನೋಡಿ: 40 ಮೆಗಾವ್ಯಾಟ್, 120 ಮೆಗಾವ್ಯಾಟ್-ಗಂಟೆ. ಅಂದರೆ ಪೂರ್ಣ ಹೊರೆಯಲ್ಲಿ ಮೂರೇ ಗಂಟೆ. ಅಂಥದೊಂದು ನಮ್ಮಲ್ಲಿದ್ದರೆ? ಗಂಗಾವತಿಯ ಭತ್ತಕ್ಕೆ ಕಾಲುವೆ ನೀರಿದೆ. ಯಲಬುರ್ಗಾದ ಬಹಳಷ್ಟು ರೈತರಿಗೆ ಕೊಳವೆಬಾವಿಯೇ ಗತಿ. 5 ಅಶ್ವಶಕ್ತಿಯ ಪಂಪ್‌ಸೆಟ್ ಸುಮಾರು 5 ಕಿಲೋವ್ಯಾಟ್ ಎಳೆಯುತ್ತದೆಂದು ಹಿಡಿದರೆ 8000 ಪಂಪ್‌ಸೆಟ್‌ಗಳು ಮೂರು ಗಂಟೆ ಓಡುತ್ತವೆ. ಏಳು ಗಂಟೆ ಬೇಕೆಂದರೆ ಸುಮಾರು 3400 ಮಾತ್ರ. '40 ಮೆಗಾವ್ಯಾಟ್' ಎಂಬುದೊಂದರಿಂದ ಈ ವ್ಯತ್ಯಾಸ ತಿಳಿಯುವುದೇ ಇಲ್ಲ.

ಮೆಗಾವ್ಯಾಟ್ ಅಂಕಿಯೇ ಮುಖ್ಯವಾಗುವ ಸಂದರ್ಭವೂ ಇದೆ. ಅದನ್ನು ಈ ಬರಹಗಳು ಪ್ರಸ್ತಾಪಿಸುವುದೇ ಅಪರೂಪ. ಜಾಲದ ಆವೃತ್ತಿ 50 ಹರ್ಟ್ಸ್‌ನಿಂದ ಕುಸಿದಾಗ ಬ್ಯಾಟರಿ ಸೆಕೆಂಡಿನೊಳಗೇ ಸ್ಪಂದಿಸಬಲ್ಲದು. ದಕ್ಷಿಣ ಆಸ್ಟ್ರೇಲಿಯಾದಲ್ಲಿ 2017ರಲ್ಲಿ ಆರಂಭವಾದ ಹಾರ್ನ್ಸ್‌ಡೇಲ್ ಬ್ಯಾಟರಿ ಹೆಸರು ಮಾಡಿದ್ದೂ, ಬಹುಪಾಲು ಆದಾಯ ಗಳಿಸಿದ್ದೂ ಇಂಥ ಸೇವೆಯಿಂದಲೇ. ಅಲ್ಲಿ ಬೇಕಾದದ್ದು ಧಾರೆ, ಕೊಡವಲ್ಲ.

ಮಾರುಕಟ್ಟೆಯ ವಿಷಯಕ್ಕೆ ಬಂದರೆ 'ಅಗ್ಗದಲ್ಲಿ ಕೊಂಡು ತುಟ್ಟಿಯಲ್ಲಿ ಮಾರುವುದು' ಎಂಬ ಒಂದೇ ವಾಕ್ಯ. ವಿದ್ಯುತ್ ವಿನಿಮಯ ಕೇಂದ್ರದಲ್ಲಿ 15 ನಿಮಿಷಕ್ಕೊಂದು ಬೆಲೆ, ದಿನಕ್ಕೆ 96. ಮಧ್ಯಾಹ್ನ 2 ರೂಪಾಯಿಗೆ 100 ಯೂನಿಟ್ ಕೊಂಡು ಸಂಜೆ 6 ರೂಪಾಯಿಗೆ ಮಾರುವುದಾಗಿ ಊಹಿಸಿ. ಹಿಂತಿರುಗುವುದು ಸುಮಾರು 85 ಯೂನಿಟ್; ಉಳಿಕೆ 400 ರೂಪಾಯಿಯಲ್ಲ, 310. ಬ್ಯಾಟರಿಯ ಬೆಲೆ, ಸಾಲದ ಬಡ್ಡಿ, ವರ್ಷವರ್ಷ ಕುಗ್ಗುವ ಅದರ ಕಸುವು ಎಲ್ಲವನ್ನೂ ಆ 310ರಲ್ಲೇ ತೂಗಿಸಬೇಕು.

ಆದ್ದರಿಂದಲೇ ಬ್ಯಾಟರಿ ಹೆಚ್ಚುಕಡಿಮೆ ದಿನಾ ತುಂಬಿ ದಿನಾ ಬರಿದಾಗಬೇಕು. ನಮ್ಮ ಗಾಳಿ ಜೋರಾಗುವುದು ಆಷಾಢದ ಸುಮಾರಿಗೆ. ಆ ವಿದ್ಯುತ್ತನ್ನು ಕಾರ್ತಿಕಕ್ಕೆ ಕೂಡಿಟ್ಟರೆ ಬ್ಯಾಟರಿಗೆ ವರ್ಷಕ್ಕೊಂದೇ ದುಡಿಮೆ, ಅಸಲೂ ಹುಟ್ಟದು. ಮಳೆಗಾಲದ ನೀರನ್ನು ಬೇಸಿಗೆಗೆ ಕಾಯುವ ಕೆಲಸ ತುಂಗಭದ್ರಾ ಜಲಾಶಯದ್ದು. ಲಿಥಿಯಂ ದಾಟಿಸುವುದು ಗಂಟೆಗಳನ್ನು, ಋತುಗಳನ್ನಲ್ಲ. 'ಗಾಳಿಯ ಸಮಸ್ಯೆ ಬಗೆಹರಿಯಿತು' ಎಂಬ ಶೀರ್ಷಿಕೆಗಳು ಈ ಗೆರೆಯನ್ನೇ ಅಳಿಸಿಬಿಡುತ್ತವೆ.

ಬರೆಯುವವರಲ್ಲಿ ನನ್ನದೊಂದು ಕೋರಿಕೆ. 'ಸಾಮರ್ಥ್ಯ' ಪದವನ್ನು ಮೆಗಾವ್ಯಾಟ್‌ಗೆ ಮೀಸಲಿಡಿ. ಮೆಗಾವ್ಯಾಟ್-ಗಂಟೆಗೆ 'ಸಂಗ್ರಹ' ಎನ್ನಿ. ಶಿಕ್ಷಕರೇ, ಮುಂದಿನ ಬಾರಿ ಬ್ಯಾಟರಿಯ ಸುದ್ದಿ ಬಂದಾಗ ತರಗತಿಗೆ ಕೊಂಡೊಯ್ದು, ಎರಡನೆಯ ಅಂಕಿ ಎಲ್ಲಿದೆ ಎಂದು ಮಕ್ಕಳಿಂದಲೇ ಹುಡುಕಿಸಿ.