ಇಬ್ಬರು ಹಿಡಿಸದ ಸಂದಿ: ರಸಿಕರಿಗೊಂದು ಕೈಪಿಡಿ

ಗಿಲ್ಲೆಸುಗೂರಿನಲ್ಲಿ ಮಂತ್ರಾಲಯದ ಬಸ್ಸಿಗೆ ಕಾಯುವ ಹುಡುಗರ ಮೊಬೈಲಿನಲ್ಲಿ ಈಗಲೂ ಬಂದೂಕಿನದೇ ಸದ್ದು. 2020ರಲ್ಲಿ ಪಬ್ಜಿಯನ್ನು ನಿಷೇಧಿಸಿದರು. ಮರುವರ್ಷ ಹೆಸರು ಬದಲಿಸಿಕೊಂಡು ತಿರುಗಿ ಬಂತು. ರುಚಿ ಮಾತ್ರ ಬದಲಾಗಲಿಲ್ಲ. ಚಹದಂಗಡಿಯಲ್ಲಿ ಒಬ್ಬನಿಗೆ ಲ್ಯಾಪ್‌ಟಾಪ್ ತೆಗೆದು ‘ಪ್ಯಾಸೇಜ್’ ತೋರಿಸಿದೆ. ಅರ್ಧ ನಿಮಿಷ ನೋಡಿ, “ಕಾಕಾ, ಇದ್ರಾಗ ಗನ್ ಎಲ್ಲಿ ಸಿಗತೈತ್ರಿ?” ಅಂದ. ಈ ಕೈಪಿಡಿ ಅವನ ಸಲುವಾಗಿ.

ಜೇಸನ್ ರೋರರ್ 2007ರಲ್ಲಿ ಮಾಡಿ ಪುಕ್ಕಟೆ ಹಂಚಿದ ಆಟ. ಐದೇ ನಿಮಿಷ. 100 ಪಿಕ್ಸೆಲ್ ಅಗಲ, 16 ಪಿಕ್ಸೆಲ್ ಎತ್ತರದ ಒಂದು ಪಟ್ಟಿ, ಅಷ್ಟೇ ಜಗತ್ತು. ನಡೆಯುತ್ತ ನಡೆಯುತ್ತ ನಿಮ್ಮ ಮನುಷ್ಯ ಮುದುಕನಾಗಿ ಸಾಯುತ್ತಾನೆ. ಹೇಗೆ ಆಡಿದರೂ ಇದು ತಪ್ಪದು.

ನೋಡಬೇಕಾದದ್ದು ಸಂದಿಯನ್ನು. ಶುರುವಿನಲ್ಲೇ ಒಬ್ಬಳು ನಿಂತಿರುತ್ತಾಳೆ. ಮುಟ್ಟಿದರೆ ಜೊತೆಯಾದಳು, ಆಮೇಲೆ ಬಿಟ್ಟು ಹೋಗುವಂತಿಲ್ಲ. ಕೆಳಗಿನ ಓಣಿಗಳಲ್ಲಿ ನಿಧಿಯ ಪೆಟ್ಟಿಗೆಗಳಿವೆ, ಆದರೆ ಹಲವು ಸಂದಿಗಳಲ್ಲಿ ಒಬ್ಬರಷ್ಟೇ ಹಿಡಿಸುತ್ತಾರೆ. ಭತ್ತದ ಗದ್ದೆಯ ಬದುವಿನ ಮೇಲೆ ನಡೆದವರಿಗೆ ಇದನ್ನು ಬಿಡಿಸಿ ಹೇಳಬೇಕೆ? ಅಲ್ಲಿ ಜೋಡಿಯಾಗಿ ನಡೆಯಲಾಗದು. ಒಬ್ಬರು ಹಿಂದಾಗಬೇಕು, ಇಲ್ಲವೇ ಕೆಸರಿಗಿಳಿಯಬೇಕು. ರೋರರ್ ಅದಕ್ಕೂ ಆಸ್ಪದ ಕೊಟ್ಟಿಲ್ಲ. ಪೆಟ್ಟಿಗೆ ಕಣ್ಣೆದುರೇ ಇದೆ, ಆರೋ ಕೀ ಒತ್ತುತ್ತಲೇ ಇದ್ದೀರಿ, ಇಬ್ಬರೂ ನಿಂತಲ್ಲೇ ನಿಂತಿದ್ದೀರಿ. ಮಂದಿ ಇಲ್ಲಿ ಬೇಸತ್ತು ಎದ್ದುಹೋಗುತ್ತಾರೆ. ರಸ ಇರುವುದೇ ಇಲ್ಲಿ.

ನನಗೇನು ಮೊದಲೇ ತಿಳಿದಿತ್ತೆ? ರಾಯಚೂರಿನ ಸೈಬರ್ ಸೆಂಟರೊಂದರಲ್ಲಿ ಮೊದಲ ಸಲ ಆಡಿದಾಗ ಅವಳನ್ನು ಪೀಡೆ ಎಂದೇ ಬೈದುಕೊಂಡೆ. ಎರಡನೇ ಸಲ ಬೇಕೆಂದೇ ಅವಳನ್ನು ತಪ್ಪಿಸಿ ನಡೆದೆ. ಸಂದಿಗಳೆಲ್ಲ ಸಲೀಸು. ಕೊನೆಗೆ ಮುದುಕ ಪಟ್ಟಿಯ ಬಲತುದಿಗೆ ಬಂದಿದ್ದ. ದಾಟಿ ಬಂದ ದಾರಿಯೆಲ್ಲ ಎಡಕ್ಕೆ ಮುದ್ದೆಯಾಗಿ ಒತ್ತಿಕೊಂಡಿತ್ತು. ಅವಳನ್ನು ಬಿಟ್ಟು ಬಂದ ಜಾಗ ಆ ಮುದ್ದೆಯೊಳಗೆ ಎಲ್ಲೋ ಇತ್ತು. ಮೂರನೇ ಸಲ ಜೊತೆಗೇ ನಡೆದೆವು. ಮೊದಲು ಸತ್ತವಳು ಅವಳು. ಒಂದು ಗೋರಿಕಲ್ಲು. ಆಮೇಲೆ ಕೀಯನ್ನು ಎಷ್ಟು ಒತ್ತಿದರೂ ಮುದುಕನ ಕಾಲು ಏಳುತ್ತಿರಲಿಲ್ಲ.

ನ್ಯೂಯಾರ್ಕಿನ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್ 2012ರಲ್ಲಿ ಸಂಗ್ರಹಕ್ಕೆ ತಂದುಕೊಂಡ 14 ಆಟಗಳಲ್ಲಿ ಇದೂ ಒಂದು. ಆ ಸುದ್ದಿ ಕೇಳಿದ ಮೇಲೆ ಭೇಷ್ ಎಂದವರನ್ನು ನಾನು ರಸಿಕರ ಲೆಕ್ಕಕ್ಕೆ ಹಿಡಿಯುವುದಿಲ್ಲ. ಅದೇ ವರ್ಷ ಬಂದ ‘ಜರ್ನಿ’ ಎಂಬ ಆಟದಲ್ಲೂ ಸಹಯಾತ್ರಿಯೊಡನೆ ಮಾತಿಲ್ಲ; ಚೆಂದವಿದೆ, ನನಗೆ ಮಾತ್ರ ತುಸು ಸಿಂಗಾರ ಹೆಚ್ಚಾಯಿತು ಅನ್ನಿಸಿತು.

ಇನ್ನೊಂದು. ಅವಳ ಜೊತೆ ನಡೆದರೆ ಅಂಕ ಇಮ್ಮಡಿ ಎಂದು ಯಾರಾದರೂ ಹೇಳಿಯಾರು. ನಿಜವೇ. ಆದರೆ ಅಂಕದ ಆಸೆಗೆ ಅವಳನ್ನು ಮುಟ್ಟಬೇಡಿ. ಅಂಕ ಕಾಣದಂತೆ ಪರದೆಯ ಬಲಮೂಲೆಗೆ ಹಳೆಯ ಬಸ್ ಟಿಕೆಟೊಂದನ್ನು ಅಂಟಿಸಿಕೊಂಡು ಆಡಿ.