ದಾರಿ ಹೇಳುವ ದನಿ, ದಾರಿಯಲ್ಲೇ ಬಿಟ್ಟ ಕತೆ

ಹೊಸ ಊರಿಗೆ ಹೋದಾಗ ನಮಗೆ ಆ ಊರಿನ ಕತೆ ಹೇಳುವವರು ಯಾರು? ಒಂದು ಕಾಲದಲ್ಲಿ ಊರಿನ ಹಿರಿಯರೋ, ಬಾಡಿಗೆ ಕಾರಿನ ಚಾಲಕರೋ, ದುಡ್ಡು ಪಡೆದ ಗೈಡುಗಳೋ ಆ ಕೆಲಸ ಮಾಡುತ್ತಿದ್ದರು. ಅವರ ಮಾತಿನಲ್ಲಿ ಉತ್ಪ್ರೇಕ್ಷೆ ಇರುತ್ತಿತ್ತು, ಸುಳ್ಳೂ ಇರುತ್ತಿತ್ತು. ಆದರೆ ನಡುವೆ ತಡೆದು ಪ್ರಶ್ನೆ ಕೇಳಲು ಅವಕಾಶವಿತ್ತು. ಈಗ ಆ ಜಾಗದಲ್ಲಿ ಮೊಬೈಲ್ ಬಂದು ಕೂತಿದೆ. ಅದು ಬಹಳ ಚೆನ್ನಾಗಿ ಮಾತನಾಡುತ್ತದೆ. ಪ್ರಶ್ನೆಯನ್ನು ಮಾತ್ರ ಕೇಳಿಸಿಕೊಳ್ಳುವುದಿಲ್ಲ.

ಕಳೆದ ಜೂನ್‌ನಲ್ಲಿ ನಾವು ಅಮೆರಿಕದ ಅಟ್ಲಾಂಟಾದಲ್ಲಿರುವ ತಂಗಿಯ ಮನೆಗೆ ಹೋಗಿದ್ದೆವು. ಅಲ್ಲಿಂದ ಎರಡು ದಿನಗಳ ಮಟ್ಟಿಗೆ ಗ್ರೇಟ್ ಸ್ಮೋಕಿ ಪರ್ವತಗಳ ಕಡೆ ಕಾರಿನಲ್ಲಿ ಹೊರಟೆವು. ಉತ್ತರ ಕ್ಯಾರೊಲಿನಾ ಮತ್ತು ಟೆನೆಸ್ಸಿ ರಾಜ್ಯಗಳ ಗಡಿಯಲ್ಲಿ ಐದು ಲಕ್ಷ ಎಕರೆಗೂ ಮಿಕ್ಕಿ ಹರಡಿರುವ ಈ ರಾಷ್ಟ್ರೀಯ ಉದ್ಯಾನ ಅಮೆರಿಕದಲ್ಲೇ ಅತಿ ಹೆಚ್ಚು ಜನ ಭೇಟಿ ನೀಡುವ ಉದ್ಯಾನ. 2024ರಲ್ಲಿ ಇಲ್ಲಿ ದಾಖಲಾದ ಭೇಟಿಗಳು 1 ಕೋಟಿ 20 ಲಕ್ಷಕ್ಕೂ ಹೆಚ್ಚು. ಬಂದವರಲ್ಲಿ ಬಹುಪಾಲು ಮಂದಿ ಕಾರಿನಿಂದ ಇಳಿದು ದೂರ ಹೋಗುವುದಿಲ್ಲ. ಹಾಗಾಗಿ ಕಾರಿನೊಳಗೇ ಕತೆ ಹೇಳುವ ಧ್ವನಿ ಪ್ರವಾಸಕ್ಕೆ ಇಲ್ಲಿ ಒಳ್ಳೆಯ ಮಾರುಕಟ್ಟೆ ಇದೆ. ತಂಗಿಯ ಗಂಡ ಹಿಂದಿನ ರಾತ್ರಿಯೇ ಅಂಥದ್ದೊಂದನ್ನು ಕೊಂಡು ಮೊಬೈಲಿಗೆ ಇಳಿಸಿಕೊಂಡಿದ್ದರು. ಬೆಟ್ಟದಲ್ಲಿ ಸಿಗ್ನಲ್ ಸಿಗುವುದಿಲ್ಲವಾದ್ದರಿಂದ ಮೊದಲೇ ಇಳಿಸಿಕೊಳ್ಳಬೇಕು.

ಇದು ಕೆಲಸ ಮಾಡುವ ಬಗೆ ಸರಳವಾದದ್ದು. ದಾರಿಯುದ್ದಕ್ಕೂ ನೂರಾರು ಬಿಂದುಗಳನ್ನು ಮೊದಲೇ ಗುರುತು ಮಾಡಿರುತ್ತಾರೆ. ಕಾರು ಒಂದು ಬಿಂದುವಿನ ಸಮೀಪ ಬಂದದ್ದನ್ನು ಮೊಬೈಲಿನ ಜಿಪಿಎಸ್ ಕಂಡುಹಿಡಿದ ಕೂಡಲೇ ಅಲ್ಲಿನ ಮಾತು ತಾನಾಗಿ ಶುರುವಾಗುತ್ತದೆ. ಚಾಲಕ ಗುಂಡಿ ಒತ್ತಬೇಕಾಗಿಲ್ಲ, ಪುಸ್ತಕ ತೆರೆಯಬೇಕಾಗಿಲ್ಲ. ಧ್ವನಿ ಮಾರ್ಗದರ್ಶನ ಹೊಸ ಕಲ್ಪನೆಯೇನೂ ಅಲ್ಲ. 1952ರಲ್ಲೇ ಆಮ್‌ಸ್ಟರ್‌ಡ್ಯಾಮಿನ ಸ್ಟೆಡೆಲಿಕ್ ಮ್ಯೂಸಿಯಂ ರೇಡಿಯೊ ತರಂಗಗಳ ಮೂಲಕ ವೀಕ್ಷಕರ ಕಿವಿಗೆ ವಿವರಣೆ ತಲುಪಿಸಿತ್ತು. ಅದು ಮ್ಯೂಸಿಯಂನ ಗೋಡೆಗಳನ್ನು ದಾಟಿ ಬೆಟ್ಟ ಹತ್ತಿದ್ದು ಮಾತ್ರ ಹೊಸದು.

ಮೊದಲು ಒಳ್ಳೆಯದನ್ನೇ ಹೇಳಿಬಿಡೋಣ. ನಾವು ಕೇಳಿದ ಧ್ವನಿ ಆತ್ಮೀಯವಾಗಿತ್ತು, ಉಚ್ಚಾರ ಸ್ಪಷ್ಟವಾಗಿತ್ತು. ಬೆಟ್ಟಗಳ ಮೇಲೆ ಸದಾ ತೇಲುವ ನೀಲಿ ಮಂಜು ಕೇವಲ ಮಂಜಲ್ಲ, ದಟ್ಟ ಕಾಡಿನ ಗಿಡಮರಗಳು ಹೊರಬಿಡುವ ಆವಿಗೂ ಅದರಲ್ಲಿ ಪಾಲಿದೆ ಎಂದು ಅದು ವಿವರಿಸಿದಾಗ ಹಿಂದಿನ ಸೀಟಿನ ಮಕ್ಕಳು ಕಿಟಕಿಗೆ ಮುಖ ಒತ್ತಿ ನೋಡಿದರು. ಎತ್ತರದ ಶಿಖರದಲ್ಲಿ ಬೂದುಬಣ್ಣದ ಅಸ್ಥಿಪಂಜರಗಳಂತೆ ನಿಂತ ಒಣಮರಗಳನ್ನು ಕಂಡು ನಾವು ಕಾಳ್ಗಿಚ್ಚು ಎಂದುಕೊಂಡಿದ್ದೆವು. ಅಲ್ಲ, ಯುರೋಪಿನಿಂದ ಬಂದ ಒಂದು ಪುಟ್ಟ ಕೀಟ ಫ್ರೇಸರ್ ಫರ್ ಮರಗಳನ್ನು ಕೊಂದದ್ದು ಎಂದು ಧ್ವನಿ ತಿದ್ದಿತು. ಎಲ್ಲಿ ಕಾರು ನಿಲ್ಲಿಸಬೇಕು, ಯಾವ ತಿರುವಿನಲ್ಲಿ ನಿಧಾನಿಸಬೇಕು ಎಂದೂ ಮನೆಯವರಂತೆ ಎಚ್ಚರಿಸಿತು. ದೊಡ್ಡ ಗುಂಪಿನಲ್ಲಿ ಬಸ್ಸೇರಿ ಗೈಡಿನ ಗಡಿಯಾರಕ್ಕೆ ಓಡುವ ಬದಲು ನಮ್ಮ ಪಾಡಿಗೆ ನಾವು ಹೋಗುವ ಸ್ವಾತಂತ್ರ್ಯ ಸಣ್ಣದೇನಲ್ಲ. ಆದ್ದರಿಂದ ಈ ಬಗೆಯ ಪ್ರವಾಸವನ್ನು ಸಾರಾಸಗಟಾಗಿ ತಳ್ಳಿಹಾಕುವವರ ಸಾಲಿನಲ್ಲಿ ನಾವಿಲ್ಲ.

ನಮ್ಮ ತಕರಾರು ಬೇರೆ. ಇದನ್ನು ನಾವು ಬರೀ ಯಂತ್ರದ ಸೌಲಭ್ಯವೆಂದು ನೋಡುತ್ತೇವೆ. ವಾಸ್ತವದಲ್ಲಿ ಇದೊಂದು ಕೃತಿ. ಯಾರೋ ಕೂತು ಬರೆದಿದ್ದಾರೆ, ಯಾವುದನ್ನು ಹೇಳಬೇಕು, ಯಾವುದನ್ನು ಬಿಡಬೇಕು ಎಂದು ನಿರ್ಧರಿಸಿದ್ದಾರೆ. ಕಾದಂಬರಿಯನ್ನು, ನಾಟಕವನ್ನು ವಿಮರ್ಶಿಸುವ ನಾವು ಇದನ್ನೇಕೆ ವಿಮರ್ಶಿಸಬಾರದು? ವರ್ಷಕ್ಕೆ ಲಕ್ಷಾಂತರ ಮಂದಿ ಒಂದು ನಾಡಿನ ಚರಿತ್ರೆಯನ್ನು ಇಂಥ ಧ್ವನಿಗಳಿಂದಲೇ ಕಲಿಯುತ್ತಿರುವಾಗ ಆ ಹೊಣೆ ಇನ್ನೂ ಹೆಚ್ಚಿನದು.

ನಮ್ಮ ಪಯಣ ಆರಂಭವಾದದ್ದು ಉದ್ಯಾನದ ದಕ್ಷಿಣ ಬಾಗಿಲಿನಲ್ಲಿರುವ ಚೆರೊಕೀ ಎಂಬ ಪಟ್ಟಣದಿಂದ. ಅಲ್ಲಿನ ಬೀದಿ ಫಲಕಗಳಲ್ಲಿ ಇಂಗ್ಲಿಷಿನ ಜೊತೆಗೆ ಇನ್ನೊಂದು ಲಿಪಿ ಇದೆ. ಸೆಕ್ವೋಯಾ ಎಂಬ ಚೆರೊಕೀ ವ್ಯಕ್ತಿ ತನ್ನ ಜನರ ಭಾಷೆಗಾಗಿ ವರ್ಷಗಟ್ಟಲೆ ಶ್ರಮಿಸಿ 1821ರಲ್ಲಿ ಪೂರ್ಣಗೊಳಿಸಿದ ಲಿಪಿ ಅದು. ನಮ್ಮ ಕಾಗುಣಿತದಂತೆಯೇ ಅದರಲ್ಲೂ ಒಂದೊಂದು ಅಕ್ಷರ ಒಂದೊಂದು ಉಚ್ಚಾರದ ಘಟಕ. ಭಾಷೆಗೆ ಅಕ್ಷರ ಬಂದ ಹದಿನೇಳೇ ವರ್ಷಗಳಲ್ಲಿ, ಅಂದರೆ 1838ರಲ್ಲಿ, ಅಮೆರಿಕದ ಸೇನೆ ಆ ಜನರನ್ನು ಬಂದೂಕಿನ ಮೊನೆಯಲ್ಲಿ ಒಟ್ಟುಗೂಡಿಸಿ ಪಶ್ಚಿಮಕ್ಕೆ ಅಟ್ಟಿತು. ಸುಮಾರು 16 ಸಾವಿರ ಮಂದಿಯನ್ನು ಹೊರಡಿಸಲಾಯಿತು. ಶಿಬಿರಗಳಲ್ಲಿ ಮತ್ತು ದಾರಿಯಲ್ಲಿ ಸತ್ತವರು ಸುಮಾರು 4 ಸಾವಿರ ಎಂಬುದು ಸಾಮಾನ್ಯವಾಗಿ ಒಪ್ಪಿರುವ ಅಂದಾಜು. ಕಣ್ಣೀರ ದಾರಿ ಎಂದು ಚರಿತ್ರೆ ಅದನ್ನು ಕರೆಯುತ್ತದೆ.

ನ್ಯಾಯವಾಗಿ ಹೇಳಬೇಕೆಂದರೆ ನಮ್ಮ ಧ್ವನಿ ಇದನ್ನು ಮುಚ್ಚಿಡಲಿಲ್ಲ. ಒಂದೂವರೆ ನಿಮಿಷ ಹೇಳಿತು, ಹಿನ್ನೆಲೆಯಲ್ಲಿ ಕೊಳಲು ನುಡಿಸಿತು. ಆದರೆ ಹೇಳಿದ ಅಷ್ಟೂ ಮಾತು ಭೂತಕಾಲದ ಕ್ರಿಯಾಪದಗಳಲ್ಲೇ ಇತ್ತು. ಇಲ್ಲಿ ಚೆರೊಕೀ ಜನ ವಾಸಿಸುತ್ತಿದ್ದರು, ಬೇಟೆಯಾಡುತ್ತಿದ್ದರು, ಬೆಟ್ಟವನ್ನು ಪೂಜ್ಯವೆಂದು ಭಾವಿಸುತ್ತಿದ್ದರು. ಆ ಹೊತ್ತಿಗೆ ನಮ್ಮ ಕಾರು ಚೆರೊಕೀ ಶಾಲೆ, ಚೆರೊಕೀ ಆಸ್ಪತ್ರೆ, ಚೆರೊಕೀ ಪೊಲೀಸ್ ವಾಹನ ಇವುಗಳ ಪಕ್ಕದಲ್ಲೇ ಸಾಗುತ್ತಿತ್ತು! ಅಂದು ಬೆಟ್ಟಗಳಲ್ಲಿ ಅಡಗಿ ಉಳಿದವರ, ಹೇಗೋ ನೆಲ ಉಳಿಸಿಕೊಂಡವರ ಸಂತತಿ ಇಂದು ಈಸ್ಟರ್ನ್ ಬ್ಯಾಂಡ್ ಎಂಬ ಹೆಸರಿನಲ್ಲಿ ತನ್ನದೇ ಆಡಳಿತ ನಡೆಸುತ್ತಿದೆ. ಅವರ ಸಂಖ್ಯೆ 14 ಸಾವಿರಕ್ಕೂ ಹೆಚ್ಚು. ಬದುಕಿರುವವರನ್ನು 'ಇದ್ದರು' ಎನ್ನುವುದು ವ್ಯಾಕರಣದ ತಪ್ಪಷ್ಟೇ ಅಲ್ಲ. ಅವರಿಗೆ ಇಂದು ಹಕ್ಕೇನೂ ಇಲ್ಲ ಎಂದು ಕೇಳುಗನಿಗೆ ಮೆಲ್ಲಗೆ ಮನದಟ್ಟು ಮಾಡುವ ವಿಧಾನವೂ ಅದೇ.

ನ್ಯೂಫೌಂಡ್ ಗ್ಯಾಪ್ ಎಂಬ ಕಣಿವೆ 5,046 ಅಡಿ ಎತ್ತರದಲ್ಲಿದೆ. 1940ರ ಸೆಪ್ಟೆಂಬರ್ 2ರಂದು ಅಧ್ಯಕ್ಷ ರೂಸ್‌ವೆಲ್ಟ್ ಇಲ್ಲೇ ನಿಂತು ಉದ್ಯಾನವನ್ನು ದೇಶಕ್ಕೆ ಸಮರ್ಪಿಸಿದರು. ಅಲ್ಲಿಂದ ಏಳು ಮೈಲಿ ಮೇಲೇರಿದರೆ ಉದ್ಯಾನದ ಅತಿ ಎತ್ತರದ ಶಿಖರ. 6,643 ಅಡಿಯ ಆ ಶಿಖರಕ್ಕೆ 1859ರಿಂದ ಕ್ಲಿಂಗ್‌ಮನ್ ಎಂಬ ರಾಜಕಾರಣಿಯ ಹೆಸರಿತ್ತು. ಈತ ಮುಂದೆ ಗುಲಾಮಗಿರಿಯ ಪರವಾಗಿ ಸಿಡಿದು ನಿಂತ ದಕ್ಷಿಣದ ಸೇನೆಯಲ್ಲಿ ಸೇನಾಧಿಕಾರಿಯಾದ. ಚೆರೊಕೀಗಳಿಗೆ ಅದು ಕುವೋಹಿ, ಅಂದರೆ ಹಿಪ್ಪುನೇರಳೆಯ ಜಾಗ. ಇಬ್ಬರು ಚೆರೊಕೀ ಮಹಿಳೆಯರು 2022ರಲ್ಲಿ ಆರಂಭಿಸಿದ ಪ್ರಯತ್ನದ ಫಲವಾಗಿ 2024ರ ಸೆಪ್ಟೆಂಬರ್‌ನಲ್ಲಿ ಹಳೆಯ ಹೆಸರೇ ಅಧಿಕೃತವಾಗಿ ಮರಳಿತು. ನಮ್ಮ ಧ್ವನಿಯೂ ಕುವೋಹಿ ಎಂದೇ ಹೇಳಿತು. ಆದರೆ ಆ ಒಂದು ಪದವನ್ನು ಮಾತ್ರ ಆಮೇಲೆ ಅಂಟಿಸಿದ್ದು ಕಿವಿಗೇ ಗೊತ್ತಾಗುತ್ತಿತ್ತು. ಹೆಸರನ್ನು ಬದಲಿಸಿದ್ದರು. ಅದು ಬದಲಾಗಿದ್ದೇಕೆ ಎಂದು ಹೇಳುವ ಗೋಜಿಗೆ ಹೋಗಿರಲಿಲ್ಲ.

ಮಧ್ಯಾಹ್ನ ಕೇಡ್ಸ್ ಕೋವ್ ತಲುಪಿದೆವು. ಸುತ್ತ ಬೆಟ್ಟ, ನಡುವೆ ಹಸಿರು ಬಯಲು, ಬಯಲನ್ನು ಸುತ್ತಿ ಬರಲು 11 ಮೈಲಿಯ ಏಕಮುಖ ರಸ್ತೆ. ಅಲ್ಲಲ್ಲಿ ಮರದ ದಿಮ್ಮಿಗಳ ಮನೆಗಳು, ಮೂರು ಚರ್ಚುಗಳು, ಒಂದು ನೀರಿನ ಗಿರಣಿ. ಒಂದು ಕರಡಿ ಕಾಣಿಸಿಕೊಂಡದ್ದೇ ತಡ, ಮುಂದಿನ ಕಾರುಗಳೆಲ್ಲ ನಿಂತವು. ಕಾರು ಚಲಿಸದಿದ್ದರೆ ಧ್ವನಿಗೂ ಕೆಲಸವಿಲ್ಲ. ನಲವತ್ತು ನಿಮಿಷದ ಆ ಮೌನ ನಿಜಕ್ಕೂ ಹಿತವಾಗಿತ್ತು. ಮತ್ತೆ ಹೊರಟಾಗ ಧ್ವನಿಯೂ ಎದ್ದಿತು. ಸರಳ ಜನ, ಸರಳ ಬದುಕು, ಕಾಲ ನಿಂತುಹೋದ ಕಣಿವೆ ಎಂದು ವರ್ಣಿಸಿತು.

ತಂಗಿಯ ಹತ್ತು ವರ್ಷದ ಮಗ ಕೇಳಿದ: "ಮಾಮ, ಇಷ್ಟು ಚಂದದ ಊರು ಬಿಟ್ಟು ಅವರೆಲ್ಲ ಯಾಕೆ ಹೋದರು?"

ಧ್ವನಿ ಉತ್ತರಿಸಲಿಲ್ಲ. ಉತ್ತರ ಅದರಲ್ಲಿ ಇರಲೇ ಇಲ್ಲ.

ಉತ್ತರ ಪುಸ್ತಕದಲ್ಲಿದೆ. ಡರ್‌ವುಡ್ ಡನ್ ಎಂಬ ಇತಿಹಾಸಕಾರ 1988ರಲ್ಲಿ ಪ್ರಕಟಿಸಿದ ಕೇಡ್ಸ್ ಕೋವ್‌ನ ಚರಿತ್ರೆಯನ್ನು ಓದಿದವರಿಗೆ ಇದು ಕಾಲ ನಿಂತುಹೋದ ಕಣಿವೆಯಲ್ಲ, ಕಾಲವನ್ನು ತಡೆದು ನಿಲ್ಲಿಸಿದ ಕಣಿವೆ ಎಂದು ತಿಳಿಯುತ್ತದೆ. ಚೆರೊಕೀಗಳು ಓಡಾಡುತ್ತಿದ್ದ ಈ ನೆಲಕ್ಕೆ 1818ರಲ್ಲಿ ಜಾನ್ ಆಲಿವರ್‌ನ ಕುಟುಂಬ ಬಂತು. 1833ಕ್ಕೆ ಇಲ್ಲಿ ಅಂಚೆ ಕಚೇರಿಯಿತ್ತು. ಮುಂದೆ ಹಲಗೆಯ ವಿಶಾಲ ಮನೆಗಳು ಎದ್ದವು, ದೂರವಾಣಿಯ ತಂತಿಯೂ ಬಂತು. ಉದ್ಯಾನದ ಪ್ರಸ್ತಾಪ ಬಂದಾಗ ನಿಮ್ಮ ಮನೆಗಳಿಗೆ ತೊಂದರೆಯಿಲ್ಲ ಎಂಬ ಭರವಸೆ ಸಿಕ್ಕಿತ್ತು. ಆದರೆ ಟೆನೆಸ್ಸಿ ಶಾಸನಸಭೆ 1927ರಲ್ಲಿ ಬಲವಂತದ ಭೂಸ್ವಾಧೀನಕ್ಕೆ ಅಧಿಕಾರ ಕೊಟ್ಟಿತು. ಜಾನ್ ಆಲಿವರ್‌ನ ಮರಿಮಗ ರಾಜ್ಯದ ಸುಪ್ರೀಂ ಕೋರ್ಟಿನವರೆಗೆ ಹೋರಾಡಿ, ಸೋತು, 1937ರ ಕ್ರಿಸ್ಮಸ್ ದಿನ ಊರು ಬಿಟ್ಟ. 1944ರಲ್ಲಿ ಶಾಲೆ ಮುಚ್ಚಿತು, 1947ರಲ್ಲಿ ಅಂಚೆ ಕಚೇರಿಯೂ ಮುಚ್ಚಿತು. ಆಮೇಲೆ ಉದ್ಯಾನದ ಆಡಳಿತ ಹಲಗೆಯ ಆಧುನಿಕ ಮನೆಗಳನ್ನು ಬಹುಪಾಲು ತೆಗೆಸಿ, ಹಳೆಯ ದಿಮ್ಮಿ ಮನೆಗಳನ್ನು ಉಳಿಸಿಕೊಂಡಿತು. ಪ್ರವಾಸಿಗೆ ಇಷ್ಟವಾಗುವುದು ಅವೇ ತಾನೆ?

ಧ್ವನಿ ಪ್ರವಾಸದ ಮೂಲಭೂತ ಮಿತಿ ಇರುವುದು ಇಲ್ಲೇ. ಅದು ಕಿಟಕಿಯಲ್ಲಿ ಕಂಡದ್ದಕ್ಕೆ ವಿವರಣೆ ಕೊಡುತ್ತದೆ. ಆದರೆ ಕಿಟಕಿಯಲ್ಲಿ ಏನು ಕಾಣಬೇಕೆಂದು ಅದಕ್ಕೂ ಮುಂಚೆಯೇ ಯಾರೋ ತೀರ್ಮಾನಿಸಿ ಆಗಿರುತ್ತದೆ. ಕೆಡವಿದ ಮನೆಗೆ ಬಿಂದುವಿಲ್ಲ. ಖಾಲಿ ಜಾಗದ ಎದುರು ಜಿಪಿಎಸ್ ಬಾಯಿ ತೆರೆಯುವುದಿಲ್ಲ. ಹೀಗಾಗಿ ಒಮ್ಮೆ ನೆಲದಿಂದ ಅಳಿಸಿದವರನ್ನು ಎರಡನೆಯ ಬಾರಿ ಕತೆಯಿಂದಲೂ ಅಳಿಸಿದಂತಾಗುತ್ತದೆ. ಬರೆದವರಿಗೆ ಕೆಟ್ಟ ಉದ್ದೇಶವಿತ್ತು ಎಂದು ನಾವು ಹೇಳುತ್ತಿಲ್ಲ. ರಜೆಯಲ್ಲಿ ಬಂದವರ ಮನಸ್ಸು ಕೆಡಿಸಬಾರದು ಎಂಬ ಕಾಳಜಿಯೇ ಈ ಕೆಲಸಕ್ಕೆ ಸಾಕು.

ಮರುದಿನ ಬ್ರೈಸನ್ ಸಿಟಿ ಎಂಬ ಊರಿನಿಂದ ಉದ್ಯಾನದೊಳಗೆ ಹೋಗುವ ಇನ್ನೊಂದು ರಸ್ತೆ ಹಿಡಿದೆವು. ಊರಿನವರು ಅದನ್ನು 'ಎಲ್ಲಿಗೂ ಹೋಗದ ರಸ್ತೆ' ಎನ್ನುತ್ತಾರೆ. ನಮ್ಮ ಧ್ವನಿಗೆ ಈ ದಾರಿಯೇ ಗೊತ್ತಿರಲಿಲ್ಲ. ಎರಡನೆಯ ಮಹಾಯುದ್ಧದ ಕಾಲದಲ್ಲಿ ವಿದ್ಯುತ್ತಿಗಾಗಿ ಫಾಂಟಾನಾ ಅಣೆಕಟ್ಟು ಕಟ್ಟಿದಾಗ ಸಾವಿರಕ್ಕೂ ಹೆಚ್ಚು ಕುಟುಂಬಗಳು ನೆಲೆ ಕಳೆದುಕೊಂಡವು. ಇದ್ದ ಹೆದ್ದಾರಿ ನೀರಿನಡಿ ಹೋಯಿತು. ನಿಮ್ಮ ಹಿರಿಯರ ಸಮಾಧಿಗಳಿಗೆ ಹೋಗಿಬರಲು ಹೊಸ ರಸ್ತೆ ಮಾಡಿಕೊಡುತ್ತೇವೆ ಎಂದು 1943ರಲ್ಲಿ ಸರಕಾರ ಒಪ್ಪಂದ ಮಾಡಿಕೊಂಡಿತು. ಕೆಲವು ಮೈಲಿ ರಸ್ತೆ, ಒಂದು ಸುರಂಗ ಆಯಿತು. ಅಲ್ಲಿಗೆ ಕೆಲಸ ನಿಂತಿತು. 2010ರಲ್ಲಿ ರಸ್ತೆಯ ಬದಲು ಸ್ವೇನ್ ಕೌಂಟಿಗೆ 5 ಕೋಟಿ 20 ಲಕ್ಷ ಡಾಲರ್ ಕೊಡುವುದೆಂದು ತೀರ್ಮಾನವಾಯಿತು. ಇಂದಿಗೂ ಆ ಕುಟುಂಬಗಳು ಗೊತ್ತಾದ ದಿನಗಳಲ್ಲಿ ದೋಣಿಯಲ್ಲಿ ಜಲಾಶಯ ದಾಟಿ ಸಮಾಧಿಗಳಿಗೆ ಹೂವಿಟ್ಟು ಬರುತ್ತವೆ.

ಸುರಂಗದ ಮುಂದೆ ಕಾರು ನಿಲ್ಲಿಸಿ ನಡೆದೆವು. ಒಳಗೆ ಕತ್ತಲು, ನಮ್ಮದೇ ಹೆಜ್ಜೆಯ ಸದ್ದು. ಆಚೆ ತುದಿಯಲ್ಲಿ ರಸ್ತೆ ಮುಗಿದು ಕಾಡು ಶುರುವಾಗುತ್ತದೆ. ಹಿಂದಿರುಗುವಾಗ ದಾರಿಬದಿಯ ಅಂಗಡಿಯಲ್ಲಿ ಕುಳಿತಿದ್ದ ವೃದ್ಧೆಯೊಬ್ಬರನ್ನು ಈ ರಸ್ತೆಯ ಬಗ್ಗೆ ಕೇಳಿದೆವು. ಅವರು ಅರ್ಧ ಗಂಟೆ ಮಾತನಾಡಿದರು. ಅವರ ಉಚ್ಚಾರ ನಮಗೆ ಪೂರ್ತಿ ಹಿಡಿಯಲಿಲ್ಲ, ಇಸವಿಗಳು ಕೂಡ ಹಿಂದುಮುಂದಾಗುತ್ತಿದ್ದವು. ಆದರೂ ತಂಗಿಯ ಮಗ ಹಿಂದಿನ ದಿನ ಕೇಳಿದ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಅಲ್ಲೇ. "ಅವರಾಗಿ ಹೋಗಲಿಲ್ಲವಂತೆ ಮಾಮ" ಎಂದು ಕಾರಿಗೆ ಹತ್ತುವಾಗ ಅವನೇ ಹೇಳಿದ.

ಇದು ಅಮೆರಿಕದ ಕತೆ ಮಾತ್ರ ಎಂದು ನಾವು ಸಮಾಧಾನಪಟ್ಟುಕೊಳ್ಳುವಂತಿಲ್ಲ. ಜನರನ್ನು ಹೊರಗಿಟ್ಟರೆ ಮಾತ್ರ ಪ್ರಕೃತಿ ಉಳಿಯುತ್ತದೆ ಎಂಬ ಉದ್ಯಾನದ ಕಲ್ಪನೆ ಆ ದೇಶದಿಂದಲೇ ಜಗತ್ತಿಗೆ ಹಬ್ಬಿದ್ದು. ನಮ್ಮ ನಾಗರಹೊಳೆಯಿಂದಲೂ ಜೇನುಕುರುಬರನ್ನು ಹೊರಗೆ ಕಳಿಸಲಾಗಿದೆ. 2025ರ ಮೇ ತಿಂಗಳಲ್ಲಿ ಅವರ ಕೆಲವು ಕುಟುಂಬಗಳು ಕಾಡಿನೊಳಗಿನ ಹಳೆಯ ನೆಲೆಗೆ ಮರಳಿ ಗುಡಿಸಲು ಹಾಕಲು ಮುಂದಾದಾಗ ಅದು ಸುದ್ದಿಯಾಯಿತು. ಸಫಾರಿ ಜೀಪಿನಲ್ಲಿ ಹುಲಿಗಾಗಿ ಕಣ್ಣರಳಿಸುವ ನಮಗೆ ಆ ಸುದ್ದಿಯನ್ನು ಹೇಳುವವರು ಯಾರು? ಇಂದಲ್ಲ ನಾಳೆ ನಮ್ಮ ಘಟ್ಟಗಳಿಗೂ ಇಂಥ ಧ್ವನಿ ಕನ್ನಡದಲ್ಲೇ ಬರುತ್ತದೆ. ಬರಲಿ, ಸ್ವಾಗತಿಸೋಣ. ಆದರೆ ಅದನ್ನು ಬರೆಯುವವರು ಕಂಡ ಜಲಪಾತಗಳನ್ನು ಎಣಿಸುವ ಮೊದಲು, ಕಾಣದಾದ ಹಾಡಿಗಳ ಹೆಸರು ಕೇಳಿಕೊಂಡು ಬರಲಿ. ಆ ಹೆಸರು ಹೇಳಲು ಅಲ್ಲಿಯವರದೇ ದನಿ ಇರಲಿ.

ಧ್ವನಿ ಪ್ರವಾಸ ಕೊಳ್ಳಬೇಡಿ ಎಂದು ನಾವು ಓದುಗರಿಗೆ ಹೇಳುವುದಿಲ್ಲ. ಕೊಳ್ಳಿ, ಕೇಳಿ, ಮಕ್ಕಳಿಗೂ ಕೇಳಿಸಿ. ಎಲ್ಲಾದರೂ ಒಂದು ಕಡೆ ಅದನ್ನು ಆರಿಸಿ, ಕಾರಿನಿಂದ ಇಳಿದು, ಅಲ್ಲಿನ ಒಬ್ಬರನ್ನಾದರೂ ಮಾತನಾಡಿಸಿ. ಬೆಟ್ಟವನ್ನು ತೋರಿಸಲು ಯಂತ್ರ ಸಾಕು. ಬೆಟ್ಟ ಯಾರದಾಗಿತ್ತು ಎಂದು ತಿಳಿಯಲು ಮನುಷ್ಯರೇ ಬೇಕು.