ಸ್ಫೋಟವೇ ಕಾಣದ ಚಿತ್ರ

ಯುದ್ಧನೌಕೆಗಳ ಹಳೆಯ ಮೂಕಿ ಚಿತ್ರಗಳಲ್ಲಿ ಎಲ್ಲರ ಕಣ್ಣು ಮೊದಲು ಅರಸುವುದು ಸ್ಫೋಟವನ್ನು. ಆದರೆ ಹಡಗಿಗೆ ಪೆಟ್ಟು ಬಿದ್ದ ಕ್ಷಣವೇ ಪರದೆಯ ನಡುಮಧ್ಯೆ ಅಚ್ಚುಕಟ್ಟಾಗಿ ಸಿಕ್ಕಿದ್ದರೆ ಆ ಚಿತ್ರವನ್ನು ಅನುಮಾನದಿಂದಲೇ ನೋಡಬೇಕು. 1898ರ ಸ್ಪೇನ್–ಅಮೆರಿಕ ಯುದ್ಧದ ಸ್ಯಾಂಟಿಯಾಗೊ ಕಾಳಗವನ್ನು ಚಿತ್ರ ತಯಾರಕರಾದ ಆಲ್ಬರ್ಟ್ ಸ್ಮಿತ್ ಮತ್ತು ಸ್ಟುವರ್ಟ್ ಬ್ಲ್ಯಾಕ್‌ಟನ್ ಮೇಜಿನ ಮೇಲೆಯೇ ‘ನಡೆಸಿದರು’. ನೌಕೆಗಳ ಫೋಟೊ ಕತ್ತರಿಸಿ ನೀರಿನಲ್ಲಿ ನಿಲ್ಲಿಸಿ, ಚಿಟಿಕೆ ಮದ್ದು ಸಿಡಿಸಿ, ಸಿಗಾರಿನ ಹೊಗೆ ಊದಿದ ಕಥೆಯನ್ನು ಸ್ಮಿತ್ ಆತ್ಮಕಥೆಯಲ್ಲಿ ಹೇಳಿದ್ದಾರೆ. ಅಲ್ಲಿ ಪ್ರತಿ ಸ್ಫೋಟವೂ ಕ್ಯಾಮೆರಾಕ್ಕಾಗಿಯೇ ಆದದ್ದು.

ಇದರ ಪಕ್ಕದಲ್ಲಿಟ್ಟು ನೋಡಬೇಕಾದದ್ದು ಆಸ್ಟ್ರಿಯಾ–ಹಂಗೆರಿಯ ಯುದ್ಧನೌಕೆ ‘ಸೆಂಟ್ ಇಷ್ಟ್ವಾನ್’ ಮುಳುಗಿದ ಚಿತ್ರ. 1918ರ ಜೂನ್ 10ರಂದು ಏಡ್ರಿಯಾಟಿಕ್ ಸಮುದ್ರದ ಪ್ರೆಮುಡಾ ದ್ವೀಪದ ಬಳಿ ಲುಯಿಜಿ ರಿಟ್ಸೊ ಎಂಬ ಇಟಲಿಯ ಅಧಿಕಾರಿಯ ಪುಟ್ಟ ದೋಣಿ ಎರಡು ಟಾರ್ಪಿಡೊ ಹೊಡೆದಾಗ ಗಂಟೆ ಸುಮಾರು ಮೂರೂವರೆ, ಇನ್ನೂ ಕತ್ತಲೆ. ಹಡಗು ಮಗುಚಿದ್ದು ಆರು ದಾಟಿದ ಮೇಲೆ, ಬೆಳಕಿನಲ್ಲಿ. ಜೊತೆಯ ‘ಟೆಗೆಟ್‌ಹೋಫ್’ ನೌಕೆಯಿಂದ ತೆಗೆದ ಈ ಚಿತ್ರದಲ್ಲಿ ಸ್ಫೋಟವಿಲ್ಲ, ಇರಲು ಸಾಧ್ಯವೂ ಇರಲಿಲ್ಲ. ಕಾಣುವುದು ಬಲಮಗ್ಗುಲಿಗೆ ವಾಲುತ್ತಿರುವ ಕಬ್ಬಿಣದ ರಾಶಿ. ಅದು ಹೊರಳಿದಂತೆಲ್ಲ ನೂರಾರು ನಾವಿಕರು ಅಂಚು ದಾಟಿ, ಮೇಲೇಳುವ ಹೊಟ್ಟೆಯ ಮೇಲೆ ಹತ್ತುತ್ತಾರೆ, ಅದು ತಿರುಗಿದಷ್ಟೂ ಹೆಜ್ಜೆ ಬದಲಿಸುತ್ತಾರೆ. ಹಡಗಿನಲ್ಲಿದ್ದ ಸಾವಿರಕ್ಕೂ ಹೆಚ್ಚು ಮಂದಿಯಲ್ಲಿ ಸತ್ತವರು 89.

ಪೆಟ್ಟಿನ ಕ್ಷಣವನ್ನೇ ಬಿಟ್ಟ ಚಿತ್ರ ಅರ್ಧ ಸಾಕ್ಷಿಯಲ್ಲವೇ ಎಂದು ಕೇಳಬಹುದು. ಅರ್ಧವೇ ಹೌದು. ಆದರೆ ಆ ಕೊರತೆಯ ಕಾರಣ ಗಡಿಯಾರದಲ್ಲೂ ಕತ್ತಲಲ್ಲೂ ಸಿಗುತ್ತದೆ. ಕೊರತೆಯೇ ಚಿತ್ರದ ಪರವಾಗಿ ನುಡಿಯುತ್ತದೆ. ಮೇಜಿನ ಕಾಳಗವೂ ಇತಿಹಾಸವೇ ಎಂಬ ಮಾತೂ ನಿಜ: ಜನ ಏನನ್ನು ನೋಡಬಯಸಿದ್ದರು ಎನ್ನುವುದಕ್ಕೆ ಅದು ಒಳ್ಳೆಯ ದಾಖಲೆ. ಸಮುದ್ರದಲ್ಲಿ ಏನಾಯಿತು ಎನ್ನುವುದಕ್ಕಲ್ಲ.

ಬೇಸರದ ಸಂಗತಿ ಬೇರೆಯೇ ಇದೆ. ಕೈಯಿಂದ ಕ್ಯಾಮೆರಾ ತಿರುಗಿಸಿ ತೆಗೆದ ಚಿತ್ರವನ್ನು ಇಂದಿನ ವೇಗಕ್ಕೆ ಓಡಿಸಿದರೆ ಆ ನಾವಿಕರು ಇರುವೆಗಳಂತೆ ಗಡಿಬಿಡಿಯಲ್ಲಿ ಓಡುತ್ತಾರೆ; ಮೇಲೆ ಢಂ ಢಂ ಸದ್ದು ಬೇರೆ ಸೇರಿಸುತ್ತಾರೆ. ಸದ್ದು ತೆಗೆದು, ವೇಗ ತಗ್ಗಿಸಿ ತೋರಿಸಲಿ. ಆಗ ಅವರು ನಡೆಯುತ್ತಿದ್ದರು ಎಂದು ಕಾಣುತ್ತದೆ.